ಗುರುತಿಲ್ಲದ ಮದುವೆಗೆ ಜೋಡಿಯಾಗಿಯೇ ಹೋಗಬೇಕೆ?

ಗಂಡಸೊಬ್ಬ ಮದುವೆಗೆ ಒಬ್ಬನೇ ಹೋದರೆ ಛತ್ರದ ಬಾಗಿಲಲ್ಲೇ ಎದುರಾಗುವ ಮಾತು, ‘ಮನೆಯವರು ಬರಲಿಲ್ವಾ?’ ಅವನು ಬಂದಿರುವುದು ಆಫೀಸಿನಲ್ಲಿ ಜೊತೆಗೆ ಕೆಲಸ ಮಾಡುವವನ ತಂಗಿಯ ಮದುವೆಗೆ. ಅವನ ಹೆಂಡತಿ ಆ ಸಹೋದ್ಯೋಗಿಯ ಮುಖ ಕಂಡಿಲ್ಲ, ತಂಗಿಯ ಹೆಸರು ಕೇಳಿಲ್ಲ, ಮದುಮಗ ಯಾವ ಊರಿನವನೆಂದೂ ಅವಳಿಗೆ ತಿಳಿಯದು. ಆದರೂ ಅವಳು ಬಾರದೆ ಇದ್ದದ್ದು ಕೊರತೆ. ದಂಪತಿ ಎಂದಮೇಲೆ ಜೋಡಿಯಾಗಿಯೇ ಹೋಗಬೇಕು, ಅದೇ ಕರೆದವರಿಗೆ ಕೊಡುವ ಮರ್ಯಾದೆ, ಹೋದ ಕಡೆ ಪರಿಚಯದವರು ಯಾರೂ ಇಲ್ಲದಿದ್ದರೆ ಹೆಂಡತಿ ಹೊಂದಿಕೊಳ್ಳಬೇಕು ಎಂಬ ತಿಳಿವಳಿಕೆ ನಮ್ಮಲ್ಲಿ ಗಟ್ಟಿಯಾಗಿ ಕೂತಿದೆ. ಓದಿದವರು, ವೇದಿಕೆ ಹತ್ತಿ ಸಮಾನತೆಯ ಬಗ್ಗೆ ಮಾತಾಡುವವರು, ಹೆಂಡತಿಯ ಸಂಬಳ ಸೇರಿಸಿ ಮನೆಸಾಲದ ಕಂತು ಕಟ್ಟುವವರು ಕೂಡ ಇದನ್ನು ಪ್ರಶ್ನಿಸುವುದಿಲ್ಲ. ನಾನು ಪ್ರಶ್ನಿಸುತ್ತೇನೆ. ಇದು ಹೆಣ್ಣನ್ನು ಗಂಡನ ಘನತೆಯ ಪುರಾವೆಯಾಗಿ ಬಳಸುವ ಪದ್ಧತಿ. ಇದನ್ನು ಸಂಪ್ರದಾಯ ಎಂದು ಕರೆಯುವವರು ಸಂಪ್ರದಾಯವನ್ನೂ ಅರಿತಿಲ್ಲ.

ಬೆಂಗಳೂರಿನ ಒಂದು ಕಲ್ಯಾಣ ಮಂಟಪದಲ್ಲಿ ಮುಹೂರ್ತದ ಊಟದ ಹೊತ್ತು. ಎಲೆ ಹಾಕಿ, ಉಪ್ಪು, ಕೋಸಂಬರಿ, ಪಲ್ಯ ಬಡಿಸಿ ಆಗಿತ್ತು. ನನ್ನ ಎದುರಿನ ಸಾಲಿನಲ್ಲಿ ಮೂವತ್ತರ ಆಸುಪಾಸಿನ ಹೆಣ್ಣುಮಗಳೊಬ್ಬಳು ಪಕ್ಕದ ಕುರ್ಚಿಯ ಮೇಲೆ ಕೈಚೀಲ ಇಟ್ಟುಕೊಂಡು ಬಾಗಿಲು ನೋಡುತ್ತಿದ್ದಳು. ‘ಇಲ್ಲಿ ಯಾರಾದ್ರೂ ಬರ್ತಾರಾ ಮೇಡಂ?’ ಎಂದು ಒಬ್ಬರಾದ ಮೇಲೆ ಒಬ್ಬರು ಬಂದು ಕೇಳಿದರು. ‘ನಮ್ಮನೆಯವರು ಬರ್ತಾರೆ’ ಎಂದು ಅವಳು ಪ್ರತಿ ಸಲವೂ ತಗ್ಗಿದ ದನಿಯಲ್ಲಿ ಹೇಳಿದಳು. ಅನ್ನ ಬಂತು, ತೊವ್ವೆ ಬಂತು, ತುಪ್ಪ ಬಂತು. ಆಮೇಲೆ ಅವಳ ಗಂಡ ನಾಲ್ಕೈದು ಗೆಳೆಯರ ಜೊತೆ ನಗುತ್ತಾ ಒಳಗೆ ಬಂದ. ಕೊನೆಯ ಸಾಲಿನಲ್ಲಿ ಅವರಿಗೆ ಒಟ್ಟಿಗೆ ಜಾಗ ಸಿಕ್ಕಿತು, ಅಲ್ಲೇ ಕೂತ. ಅಲ್ಲಿಂದಲೇ ‘ನೀನು ಮಾಡು’ ಎಂದು ಕೈ ಮಾಡಿದ. ಅವಳು ಕೈಚೀಲವನ್ನು ಎತ್ತಿ ಮಡಿಲಿಗೆ ಇಟ್ಟುಕೊಂಡಳು. ಖಾಲಿ ಕುರ್ಚಿಗೆ ಯಾರೋ ಬಂದು ಕೂತರು. ಸಾರಿನ ಹೊತ್ತಿಗಾಗಲೇ ಮುಂದಿನ ಪಂಕ್ತಿಯವರು ಅವಳ ಬೆನ್ನ ಹಿಂದೆ ಕುರ್ಚಿ ಹಿಡಿದು ನಿಂತಿದ್ದರು. ಹೋಳಿಗೆ ಅರ್ಧ ಬಿಟ್ಟು, ಎಲೆ ಮಡಚಿ ಎದ್ದು ಹೋದಳು. ಅವಳು ಎಷ್ಟು ದೂರದಿಂದ ಬಂದಿದ್ದಳು, ಮನೆಯಲ್ಲಿ ಯಾರನ್ನು ಬಿಟ್ಟು ಬಂದಿದ್ದಳು, ಅವಳ ಹೆಸರೇನು ಎಂದು ಆ ಹೊತ್ತಿನಲ್ಲಿ ಒಬ್ಬರೂ ಕೇಳಲಿಲ್ಲ. ಗಂಡ ಒಳ್ಳೆಯವನೇ ಇರಬಹುದು. ಮದುವೆಮನೆಯವರೂ ಸಜ್ಜನರೇ. ಆದರೆ ಅವಳನ್ನು ಅಲ್ಲಿಗೆ ತಂದು ಕೂರಿಸಿದ ಪದ್ಧತಿಯಲ್ಲಿ ಅವಳನ್ನು ನೋಡಿಕೊಳ್ಳುವ ಹೊಣೆ ಯಾರಿಗೂ ಇರಲಿಲ್ಲ.

ಇದಕ್ಕೆ ಮರ್ಯಾದೆ ಎನ್ನುತ್ತಾರೆ. ಯಾರಿಗೆ ಮರ್ಯಾದೆ? ಮದುಮಕ್ಕಳಿಗೆ ಅವಳ ಗುರುತಿಲ್ಲ. ಆರತಕ್ಷತೆಯ ಸಾಲಿನಲ್ಲಿ ಮುಕ್ಕಾಲು ಗಂಟೆ ನಿಂತು ವೇದಿಕೆ ಹತ್ತಿದರೆ ‘ಇವಳು ನನ್ನ ಮಿಸೆಸ್’ ಎಂಬ ಮೂರು ಪದದ ಪರಿಚಯ, ಒಂದು ನಗು, ‘ಮೇಡಂ ಸ್ವಲ್ಪ ಈ ಕಡೆ’ ಎಂಬ ಫೋಟೋಗ್ರಾಫರ್, ಆಮೇಲೆ ಇಳಿಯುವ ಮೆಟ್ಟಿಲು. ಆಲ್ಬಂ ನೋಡುವಾಗ ಮದುಮಗಳು ‘ಇವರು ಯಾರು?’ ಎಂದು ಕೇಳುತ್ತಾಳೆ, ಮದುಮಗನಿಗೂ ಗೊತ್ತಿರುವುದಿಲ್ಲ. ಮರ್ಯಾದೆ ಸಿಗುವುದು ಗಂಡನಿಗೆ ಮಾತ್ರ. ಹೆಂಡತಿ ರೇಷ್ಮೆ ಸೀರೆ ಉಟ್ಟು, ಮನೆಯಲ್ಲಿರುವ ಚಿನ್ನ ಹಾಕಿಕೊಂಡು ಪಕ್ಕದಲ್ಲಿ ನಿಂತರೆ ಅವನ ಸಂಸಾರ ನೆಟ್ಟಗಿದೆ, ಅವನ ಕೈ ನಡೆಯುತ್ತಿದೆ, ಅವನ ಮಾತು ಮನೆಯಲ್ಲಿ ನಡೆಯುತ್ತಿದೆ ಎಂದು ನಾಲ್ಕು ಜನಕ್ಕೆ ಕಾಣುತ್ತದೆ. ಆ ಕಾಣುವಿಕೆಗಾಗಿ ಅವಳು ಬೇಕು. ಅವಳೇ ಬೇಕಾಗಿದ್ದರೆ ಅವಳ ಹೆಸರು ಬೇಕಾಗುತ್ತಿತ್ತು.

‘ಹಿಂದಿನಿಂದ ಬಂದ ಪದ್ಧತಿ’ ಎಂಬ ಸಮರ್ಥನೆ ಎಲ್ಲಕ್ಕಿಂತ ದುರ್ಬಲವಾದದ್ದು. ಹಿಂದೆ ಏನಿತ್ತು? ಮದುವೆಗೆ ಕರೆಯುವುದೆಂದರೆ ಮನೆಗೆ ಬಂದು ಕರೆಯುವುದು, ಹೆಂಗಸರನ್ನು ಹೆಂಗಸರು ಕರೆಯುವುದು. ಮದುವೆಮನೆಯ ಹಿರಿಯಳು ಕುಂಕುಮದ ಬಟ್ಟಲು ಹಿಡಿದು ಬಂದು, ಮನೆಯೊಡತಿಯ ಹಣೆಗೆ ಕುಂಕುಮವಿಟ್ಟು, ‘ನೀವೇ ಬಂದು ನಿಂತು ನಡೆಸಿಕೊಡಬೇಕು’ ಎನ್ನುತ್ತಿದ್ದಳು. ಗಂಡಸರು ಗಂಡಸರಿಗೆ ಹೇಳಿ ಹೋದರೆ ‘ನಮಗೆ ಕರೆ ಬಂದಿಲ್ಲ’ ಎಂದು ಹೆಂಗಸರು ಮನೆಯಲ್ಲೇ ಉಳಿಯುತ್ತಿದ್ದರು. ಅದನ್ನು ತಪ್ಪೆಂದವರಿಲ್ಲ, ತಪ್ಪು ಕರೆಯದವರದಾಗಿತ್ತು. ಈಗ ಗಂಡನ ವಾಟ್ಸಾಪಿಗೆ ಲಗ್ನಪತ್ರಿಕೆ ಬರುತ್ತದೆ. ‘ಸಕುಟುಂಬ ಸಪರಿವಾರ ಸಮೇತರಾಗಿ’ ಎಂಬ ಅಚ್ಚಾದ ಸಾಲೇ ಹೆಂಡತಿಗೆ ಬಂದ ಕರೆ. ಅವಳು ಆ ಪತ್ರಿಕೆಯನ್ನು ನೋಡುವುದು ಹೊರಡುವ ಹಿಂದಿನ ರಾತ್ರಿ, ಛತ್ರದ ವಿಳಾಸ ಹುಡುಕುವಾಗ. ಕರೆಯುವ ಸೌಜನ್ಯವನ್ನು ಬಿಟ್ಟುಕೊಟ್ಟು, ಬರಲೇಬೇಕೆಂಬ ಕಡ್ಡಾಯವನ್ನು ಮಾತ್ರ ಉಳಿಸಿಕೊಂಡವರು ಸಂಪ್ರದಾಯದ ಹೆಸರು ಹೇಳುವುದು ನ್ಯಾಯವೆ?

ಹಳೆಯ ಮದುವೆಮನೆಯಲ್ಲಿ ಹೊಸಬಳು ಒಂಟಿಯಾಗುತ್ತಿರಲಿಲ್ಲ, ಏಕೆಂದರೆ ಅಲ್ಲಿ ಕೈಗೆ ಕೆಲಸವಿತ್ತು. ಮಲೆನಾಡಿನಲ್ಲಿ, ಕರಾವಳಿಯಲ್ಲಿ ಬಂದವರಿಗೆ ಮೊದಲು ಬೆಲ್ಲ ನೀರು ಕೊಟ್ಟು ಮಾತಾಡಿಸುವುದು ರೂಢಿ. ಆಮೇಲೆ ಹೂ ಕಟ್ಟುವವರ ನಡುವೆಯೋ ವೀಳ್ಯದೆಲೆ ಜೋಡಿಸುವವರ ನಡುವೆಯೋ ಜಾಗ ಮಾಡಿಕೊಡುತ್ತಿದ್ದರು. ಉತ್ತರ ಕರ್ನಾಟಕದಲ್ಲಿ ಹೋಳಿಗೆ ಲಟ್ಟಿಸುತ್ತ ಕೂತವರ ಮಧ್ಯೆ ಕೂತರೆ ಸಂಜೆಯೊಳಗೆ ಯಾರ ಮಗಳು, ಯಾರ ಸೊಸೆ, ಯಾವ ಹಾಡು ಬರುತ್ತದೆ ಎಲ್ಲ ತಿಳಿದುಹೋಗುತ್ತಿತ್ತು. ಹೋಗುವಾಗ ಉಡಿ ತುಂಬಿ ಕಳಿಸುತ್ತಿದ್ದರು. ಸೋಬಾನೆ ಹೇಳುವ ಗುಂಪಿಗೆ ಇನ್ನೊಂದು ದನಿ ಯಾವಾಗಲೂ ಬೇಕಾಗಿತ್ತು. ಮದುವೆ ನಾಲ್ಕಾರು ದಿನ ನಡೆಯುತ್ತಿತ್ತು, ಪರಿಚಯಕ್ಕೆ ಸಮಯವಿತ್ತು. ಆ ದಿನಗಳಲ್ಲಿ ಹೆಣ್ಣಿಗೆ ಅನ್ಯಾಯವಿರಲಿಲ್ಲ ಎಂದು ನಾನು ಹೇಳುತ್ತಿಲ್ಲ, ಬೇಕಾದಷ್ಟಿತ್ತು. ಆದರೆ ಕರೆಸಿಕೊಂಡವಳನ್ನು ಸೇರಿಸಿಕೊಳ್ಳುವ ದಾರಿ ಅಲ್ಲಿತ್ತು. ಇಂದು ಅಡುಗೆ ಕಾಂಟ್ರಾಕ್ಟಿಗೆ ಹೋಗಿದೆ, ಹೂವಿನ ಅಲಂಕಾರ ಇನ್ನೊಬ್ಬರಿಗೆ ಹೋಗಿದೆ, ಹಾಡು ಧ್ವನಿವರ್ಧಕಕ್ಕೆ ಹೋಗಿದೆ. ಬಾಗಿಲಲ್ಲಿ ಪನ್ನೀರು ಚಿಮುಕಿಸಿ ಕಲ್ಲುಸಕ್ಕರೆ ಕೊಡುವ ಹುಡುಗಿಯರೂ ದಿನಗೂಲಿಗೆ ಬಂದವರು. ಅವರಿಗೆ ಗಂಡಿನ ಕಡೆಯೂ ಗೊತ್ತಿಲ್ಲ, ಹೆಣ್ಣಿನ ಕಡೆಯೂ ಗೊತ್ತಿಲ್ಲ. ಹೊಸಬರನ್ನು ಒಳಗೆ ಬಿಟ್ಟುಕೊಳ್ಳುವ ಬಾಗಿಲುಗಳನ್ನೆಲ್ಲ ಮುಚ್ಚಿಕೊಂಡ ಮೇಲೆ ಅಪರಿಚಿತಳಿಗೆ ಉಳಿಯುವುದು ಬಿಳಿ ಬಟ್ಟೆ ಹೊದಿಸಿದ ಒಂದು ಕುರ್ಚಿ ಮತ್ತು ಮೊಬೈಲಿನ ಪರದೆ. ಅದನ್ನೂ ನೋಡುತ್ತ ಕೂತರೆ ‘ಸೇರೋದಿಲ್ಲ, ಜಂಬ’ ಎಂಬ ಹೆಸರು ಬರುತ್ತದೆ.

ಇನ್ನೊಂದು ಆಪಾದನೆಯನ್ನು ಯಾರೂ ಅಲ್ಲಗಳೆಯಲಾರರು. ಹೆಂಡತಿಯ ತವರಿನ ಕಡೆಯ ಮದುವೆಗೆ ಗಂಡ ಹೋಗುತ್ತಾನೆ. ಅಲ್ಲಿ ಅವನಿಗೂ ಯಾರ ಗುರುತೂ ಇಲ್ಲ. ಅವನ ಗತಿ ಏನಾಗುತ್ತದೆ? ಅವನು ಅಳಿಯ. ಭಾವಮೈದುನ ಬಸ್‌ಸ್ಟ್ಯಾಂಡಿಗೆ ಬಂದು ಕಾಯುತ್ತಾನೆ. ಫ್ಯಾನಿನ ಕೆಳಗೆ ಕುರ್ಚಿ ಹಾಕುತ್ತಾರೆ, ಕಾಫಿ ಅವನಿದ್ದಲ್ಲಿಗೆ ಬರುತ್ತದೆ, ‘ಅಳಿಯಂದ್ರು ಊಟಕ್ಕೆ ಏಳಿ’ ಎಂದು ಹಿರಿಯರು ಬಂದು ಕರೆಯುತ್ತಾರೆ, ಮೊದಲ ಪಂಕ್ತಿಯಲ್ಲಿ ಕೂರಿಸುತ್ತಾರೆ. ಬೇಸರವಾದರೆ ಅವನು ‘ಆಫೀಸ್ ಕಾಲ್ ಇದೆ’ ಎಂದು ಕೋಣೆಗೆ ಹೋಗಿ ಮಲಗಬಹುದು. ಅವನು ಬಾರದೇ ಇದ್ದರಂತೂ ‘ಪಾಪ, ಕೆಲಸ’ ಎಂದು ಅತ್ತೆ ಮಾವನೇ ಸಮಜಾಯಿಷಿ ಕೊಡುತ್ತಾರೆ. ಅದೇ ಮಾತನ್ನು ಸೊಸೆಯ ಬಗ್ಗೆ ಯಾವ ಮನೆಯಲ್ಲಿ ಆಡಿದ್ದಾರೆ? ಗುರುತಿಲ್ಲದವರ ನಡುವೆ ಒಬ್ಬ ಮನುಷ್ಯ ಮುಜುಗರಪಡುತ್ತಾನೆ, ಅವನಿಗೆ ಆಸರೆ ಬೇಕು ಎಂಬುದು ನಮಗೆ ಚೆನ್ನಾಗಿ ತಿಳಿದಿದೆ. ಅಳಿಯನ ವಿಷಯದಲ್ಲಿ ಆ ತಿಳಿವಳಿಕೆಯನ್ನು ತಪ್ಪದೆ ಪಾಲಿಸುತ್ತೇವೆ. ಸೊಸೆಯ ವಿಷಯದಲ್ಲಿ ತಿಳಿದೂ ಪಾಲಿಸುವುದಿಲ್ಲ. ಇದು ಮರೆವಲ್ಲ, ಪಕ್ಷಪಾತ. ಇನ್ನು ಹೆಂಡತಿಯ ಸಹೋದ್ಯೋಗಿಯ ತಮ್ಮನ ಮದುವೆಗೆ ಸೂಟು ಹಾಕಿಕೊಂಡು ಹೋಗಿ, ಯಾರ ಗುರುತೂ ಇಲ್ಲದೆ ನಾಲ್ಕು ಗಂಟೆ ಕೂತು ಬಂದ ಗಂಡಸರು ನಿಮ್ಮ ಬಳಗದಲ್ಲಿ ಎಷ್ಟು ಜನ ಇದ್ದಾರೆ, ನೀವೇ ಎಣಿಸಿಕೊಳ್ಳಿ.

ಅವಳನ್ನು ಮಾತಾಡಿಸುವವರೇ ಇಲ್ಲವೆಂದಲ್ಲ. ಮಾತಾಡಿಸುತ್ತಾರೆ. ‘ಯಾರ ಪೈಕಿ ನೀವು?’ ‘ಎಷ್ಟು ವರ್ಷ ಆಯ್ತು ಮದುವೆಯಾಗಿ?’ ‘ಏನಾದ್ರೂ ವಿಶೇಷ ಇದೆಯಾ?’ ‘ಯಾಕೆ, ಡಾಕ್ಟರಿಗೆ ತೋರಿಸಿದ್ರಾ?’ ಹೆಸರನ್ನೂ ಕೇಳದೆ ಗರ್ಭದ ವಿಚಾರಕ್ಕೆ ಬರುವ ಹಕ್ಕನ್ನು ಇವರಿಗೆ ಯಾರು ಕೊಟ್ಟರು? ಬೇರೆ ಜಾತಿಯಿಂದ ಬಂದವಳಾದರೆ ಇನ್ನೂ ಕಷ್ಟ. ‘ತವರು ಯಾವ ಕಡೆ?’, ‘ಮನೆ ದೇವರು ಯಾವುದು?’, ‘ನಮ್ಮವರೇನಾ?’ ಎಂದು ಸುತ್ತಿ ಬಳಸಿ ಕೇಳಿ, ಉತ್ತರ ಸಿಕ್ಕ ಕೂಡಲೇ ಮುಖ ತಿರುಗುವುದನ್ನು ಅವಳು ನೋಡಬೇಕು. ಮನೆಯವರನ್ನು ಎದುರು ಹಾಕಿಕೊಂಡು, ರಿಜಿಸ್ಟ್ರಾರ್ ಕಚೇರಿಯಲ್ಲಿ ಸಹಿ ಹಾಕಿ ಮದುವೆಯಾದ ಹುಡುಗಿಯರು ಇಂಥ ಛತ್ರಗಳಲ್ಲಿ ಮತ್ತೆ ಮತ್ತೆ ವಿಚಾರಣೆಗೆ ಗುರಿಯಾಗುತ್ತಿದ್ದಾರೆ. ಪಕ್ಕದಲ್ಲಿರಬೇಕಾದ ಗಂಡ ಆಗ ಗೆಳೆಯರ ಗುಂಪಿನಲ್ಲಿರುತ್ತಾನೆ. ಮನೆಗೆ ಬಂದ ಮೇಲೆ ಅವಳು ಹೇಳಿದರೆ, ‘ಹಳೇ ಕಾಲದವರು, ಬಿಡು’ ಎನ್ನುತ್ತಾನೆ. ಅವರ ನಡುವೆ ಅವಳನ್ನು ಒಂಟಿಯಾಗಿ ಬಿಟ್ಟವನು ಹಳೇ ಕಾಲದವನಲ್ಲವಲ್ಲ!

ಜೋಡಿಯೇ ಶುಭ ಎಂಬ ಈ ನಂಬಿಕೆಗೆ ಇನ್ನೊಂದು ಮುಖವಿದೆ, ಅದು ಹೆಚ್ಚು ಕ್ರೂರವಾದದ್ದು. ಗಂಡನ ಜೊತೆ ಬಂದವಳಿಗೆ ಅವಳು ಯಾರೆಂದು ತಿಳಿಯದೆಯೂ ಅರಿಶಿನ ಕುಂಕುಮ, ಹೂ, ತಾಂಬೂಲ, ರವಿಕೆ ಕಣ ಸಿಗುತ್ತದೆ. ಮದುಮಗಳನ್ನು ಎತ್ತಿ ಆಡಿಸಿದ ಸೋದರತ್ತೆ ಗಂಡನನ್ನು ಕಳೆದುಕೊಂಡಿದ್ದರೆ ಅವಳ ಮುಂದೆ ಆ ತಟ್ಟೆ ನಿಲ್ಲುವುದಿಲ್ಲ, ಪಕ್ಕದವರಿಗೆ ಹೋಗುತ್ತದೆ. ಗಂಡನನ್ನು ಬಿಟ್ಟವಳು, ಮದುವೆಯಾಗದೆ ಉಳಿದವಳು, ಎಲ್ಲರೂ ಹಿಂದಿನ ಸಾಲಿಗೆ. ಪ್ರೀತಿಸುವವಳು ಮರೆಯಲ್ಲಿ ನಿಲ್ಲಬೇಕು, ಗುರುತಿಲ್ಲದವಳು ವೇದಿಕೆಯ ಮೇಲೆ ನಗಬೇಕು. ಮಗುವಿನ ಮದುವೆಯಲ್ಲಿ ಯಾರ ಹಾರೈಕೆ ಬೇಕಾಗಿದೆ ನಮಗೆ? ಪಕ್ಕದಲ್ಲಿ ಗಂಡನಿದ್ದಾನೋ ಇಲ್ಲವೋ ಎಂಬುದರ ಮೇಲೆ ಹೆಣ್ಣಿನ ಹಾರೈಕೆಯ ಬೆಲೆ ಕಟ್ಟುವವರು ‘ನಮ್ಮ ಮನೆಯಲ್ಲಿ ಹೆಣ್ಣಿಗೆ ಗೌರವವಿದೆ’ ಎಂದು ಹೇಳಿಕೊಳ್ಳಬಾರದು.

ಈಗ ಅವಳ ಸಮಯದ ಮಾತು. ರಾಷ್ಟ್ರೀಯ ಸಾಂಖ್ಯಿಕ ಕಚೇರಿ 2019ರಲ್ಲಿ ನಡೆಸಿದ ಕಾಲ ಬಳಕೆ ಸಮೀಕ್ಷೆಯ ಪ್ರಕಾರ, ಮನೆಯ ಸಂಬಳವಿಲ್ಲದ ಕೆಲಸದಲ್ಲಿ ತೊಡಗುವ ಹೆಂಗಸರು ಅದಕ್ಕೆ ದಿನಕ್ಕೆ 299 ನಿಮಿಷ ಕೊಡುತ್ತಿದ್ದರು, ಆ ಕೆಲಸ ಮಾಡುವ ಗಂಡಸರು 97 ನಿಮಿಷ. ಐದು ಗಂಟೆಯ ಮನೆಗೆಲಸ ಮದುವೆಯಿದೆ ಎಂದು ರದ್ದಾಗುವುದಿಲ್ಲ. ಬೆಳಗಿನ ಜಾವವೇ ಎದ್ದು ಮುಗಿಸಬೇಕು, ಇಲ್ಲವೇ ರಾತ್ರಿ ಬಂದು ಮಾಡಬೇಕು. ಮಕ್ಕಳನ್ನು ಅಣಿಗೊಳಿಸುವವಳು ಅವಳು, ಮುಯ್ಯಿಯ ಲಕೋಟೆಗೆ ಹೆಸರು ಬರೆಯುವವಳು ಅವಳು, ಗಂಡನ ಪಂಚೆ ಶಲ್ಯ ಇಸ್ತ್ರಿ ಮಾಡಿಸಿ ಇಡುವವಳೂ ಅವಳು. ತಾಲ್ಲೂಕು ಕಚೇರಿಯಲ್ಲಿ ದ್ವಿತೀಯ ದರ್ಜೆ ಸಹಾಯಕಿಯಾಗಿರುವವಳ ಲೆಕ್ಕ ನೋಡಿ. ನಾಲ್ಕನೇ ಶನಿವಾರದ ರಜೆ ಕೊಟ್ಟ 2019ರಲ್ಲಿ ರಾಜ್ಯ ಸರ್ಕಾರ ತನ್ನ ನೌಕರರ ಸಾಂದರ್ಭಿಕ ರಜೆಯನ್ನು 15ರಿಂದ 10ಕ್ಕೆ ಇಳಿಸಿತು. ಆ ಹತ್ತು ದಿನದಲ್ಲಿ ಮಗುವಿನ ಜ್ವರ, ಅಮ್ಮನ ಆಸ್ಪತ್ರೆ, ಅತ್ತೆಯ ಕಣ್ಣಿನ ಆಪರೇಷನ್ ಎಲ್ಲ ಬರಬೇಕು. ವೈಶಾಖದ ಮುಹೂರ್ತಗಳು ಭಾನುವಾರ ನೋಡಿ ಬರುವುದಿಲ್ಲ. ಗಂಡನ ಮಾಜಿ ಮ್ಯಾನೇಜರನ ಮಗನ ಧಾರೆಗೆ ಶಿವಮೊಗ್ಗಕ್ಕೆ ರಾತ್ರಿ ಬಸ್ಸಿನಲ್ಲಿ ಹೋಗಿ ಬರಲು ಅವಳು ತನ್ನ ತಾಯಿಗಾಗಿ ಉಳಿಸಿಟ್ಟ ರಜೆಯನ್ನು ಖರ್ಚು ಮಾಡಬೇಕೆ? ಅದನ್ನು ಕೇಳದೆಯೇ ‘ರೆಡಿಯಾಗು’ ಎನ್ನುವವನಿಗೆ ಆ ರಜೆ ಯಾರದೆಂದು ಗೊತ್ತಿದೆಯೆ?

‘ಹೀಗೆ ಹೋಗಿ ಬಂದರೇ ಅಲ್ಲವೇ ಸಂಬಂಧ ಬೆಳೆಯುವುದು’ ಎಂದು ಹಿರಿಯರು ಹೇಳುತ್ತಾರೆ. ಸಂಬಂಧ ಬೆಳೆಯಲಿ, ಯಾರು ಬೇಡವೆಂದರು? ಮದುವೆಗೆ ಮುಂಚೆ ಒಂದು ಸಂಜೆ ಮನೆಗೆ ಬನ್ನಿ, ಮದುಮಕ್ಕಳನ್ನು ಕರೆತನ್ನಿ, ಅವಳ ಕೈಯ ಕಾಫಿ ಕುಡಿದು ಅವಳ ಕೆಲಸದ ಬಗ್ಗೆ ನಾಲ್ಕು ಮಾತು ಕೇಳಿ. ಸಾವಿರ ಜನರ ಗದ್ದಲದಲ್ಲಿ, ಒಬ್ಬರ ಮಾತು ಒಬ್ಬರಿಗೆ ಕೇಳದ ವಾದ್ಯಗೋಷ್ಠಿಯ ನಡುವೆ, ಹಿಂದೆ ಸಾಲು ನಿಂತಿರುವಾಗ ಯಾವ ಸಂಬಂಧವೂ ಬೆಳೆಯುವುದಿಲ್ಲ. ಸಂಬಂಧ ಬೇಕೆನ್ನುವವರು ಅದಕ್ಕೆ ಸಮಯ ಕೊಡುವುದಿಲ್ಲ, ತಲೆ ಎಣಿಕೆ ಮಾಡುತ್ತಾರೆ. ಛತ್ರ ತುಂಬಿತ್ತು ಎಂದು ಹೇಳಿಕೊಳ್ಳಲು ಕುಟುಂಬಗಳ ಲೆಕ್ಕ ಹಿಡಿದು ಅಡುಗೆ ಮಾಡಿಸುತ್ತಾರೆ, ಉಳಿದದ್ದು ತೊಟ್ಟಿಗೆ ಹೋಗುತ್ತದೆ.

ಮದುವೆಗೆ ಎಷ್ಟು ಜನ ಬೇಕು ಎಂಬುದನ್ನು ನಾವು ಕಂಡುಬಿಟ್ಟಿದ್ದೇವೆ. 1954ರ ವಿಶೇಷ ವಿವಾಹ ಕಾಯ್ದೆ ಕೇಳುವುದು ಮೂವರು ಸಾಕ್ಷಿಗಳನ್ನು. 1966ರಲ್ಲಿ ಕುವೆಂಪು ತಮ್ಮ ಮಗ ತೇಜಸ್ವಿಯವರ ಮದುವೆಯನ್ನು ಮಂತ್ರಮಾಂಗಲ್ಯದ ವಿಧಾನದಲ್ಲಿ ಸರಳವಾಗಿ ನಡೆಸಿ, ಆಡಂಬರವಿಲ್ಲದ ಮದುವೆಗೆ ಕನ್ನಡಿಗರಿಗೆ ಒಂದು ದಾರಿ ತೋರಿಸಿದರು. ಇಂದಿಗೂ ಹಲವರು ಅದನ್ನು ಆರಿಸಿಕೊಳ್ಳುತ್ತಾರೆ. 2020ರ ಕೊರೊನಾ ಕಾಲದಲ್ಲಿ ಮದುವೆಗೆ 50 ಜನರ ಮಿತಿ ಬಂದಾಗ ಪಟ್ಟಿಯಿಂದ ಮೊದಲು ಬಿದ್ದುಹೋದವರು ಯಾರು? ಗುರುತಿಲ್ಲದವರು, ಗುರುತಿದ್ದವರ ಜೊತೆಗೆ ಬರುವವರು. ಉಳಿದವರು ನಿಜವಾಗಿ ಬೇಕಾದವರು. ಆ ವರ್ಷ ಕಟ್ಟಿದ ಮಾಂಗಲ್ಯಗಳಿಗೆ ಯಾವ ಊನವೂ ಆಗಲಿಲ್ಲ, ಯಾವ ಸಂಬಂಧವೂ ಕಡಿದುಹೋಗಲಿಲ್ಲ. ಹೆಂಡತಿ ಜೊತೆಗಿರದಿದ್ದರೆ ಅವಮಾನ ಎಂಬ ಮಾತು ಸುಳ್ಳೆಂದು ಅಂದೇ ಸಾಬೀತಾಯಿತು. ಮಿತಿ ತೆಗೆದ ಕೂಡಲೇ ನಾವು ಆ ಸುಳ್ಳಿಗೇ ಮರಳಿದೆವು.

ಆದ್ದರಿಂದ ಕರೆಯುವವರಿಗೆ ನನ್ನ ಮಾತು ಇದು. ಹೆಂಡತಿಯೂ ಬರಬೇಕೆಂದು ನಿಜವಾಗಿ ಬಯಸಿದರೆ ಅವಳ ಹೆಸರು ತಿಳಿದುಕೊಳ್ಳಿ, ಅವಳಿಗೇ ಫೋನು ಮಾಡಿ ಕರೆಯಿರಿ. ಬಂದ ದಿನ ನಿಮ್ಮ ಮನೆಯ ಒಬ್ಬರನ್ನು, ತಂಗಿಯನ್ನೋ ಅತ್ತಿಗೆಯನ್ನೋ, ಹೊಸಬರನ್ನು ನೋಡಿಕೊಳ್ಳುವುದಕ್ಕೆಂದೇ ನಿಲ್ಲಿಸಿ. ಲಕ್ಷಗಟ್ಟಲೆ ಕೊಟ್ಟು ಹೂವಿನ ಮಂಟಪ ಕಟ್ಟಿಸುವವರಿಗೆ ಇದು ದೊಡ್ಡ ಕೆಲಸವಲ್ಲ. ತಾಂಬೂಲದ ತಟ್ಟೆ ಪಂಕ್ತಿಯ ಎಲ್ಲ ಹೆಂಗಸರ ಮುಂದೆಯೂ ನಿಲ್ಲಲಿ. ಒಬ್ಬರೇ ಬಂದವರಿಗೆ ‘ಬನ್ನಿ’ ಎನ್ನಿ, ಬಾರದವರ ವಿಚಾರಣೆ ಬೇಡ.

ಗಂಡಂದಿರಿಗೆ: ಕೇಳಿ, ಅಪ್ಪಣೆ ಕೊಡಬೇಡಿ. ಬರುವುದಿಲ್ಲ ಎಂದರೆ ಮುಖ ಗಂಟು ಹಾಕಿಕೊಳ್ಳದೆ ಒಬ್ಬರೇ ಹೋಗಿ ಅಕ್ಷತೆ ಹಾಕಿ ಬನ್ನಿ. ಅವಳು ಬಂದರೆ ಅವಳ ಪಕ್ಕದಲ್ಲಿರಿ, ಒಂದೇ ಪಂಕ್ತಿಯಲ್ಲಿ ಊಟಕ್ಕೆ ಕೂರಿ, ಗೆಳೆಯರಿಗೆ ಅವಳನ್ನು ಹೆಸರು ಹೇಳಿ ಪರಿಚಯಿಸಿ. ಅವಳ ಗೆಳತಿಯ ಮದುವೆಗೆ ನೀವೂ ಹೊರಡಿ. ಹೆಣ್ಣುಮಕ್ಕಳಿಗೆ: ಗುರುತಿಲ್ಲದ ಮದುವೆಗೆ ಹೋಗದಿರುವುದು ಅಪರಾಧವಲ್ಲ, ತಲೆನೋವು ಜ್ವರದ ನೆಪ ಹುಡುಕಬೇಡಿ. ‘ನನಗೆ ಅವರ ಪರಿಚಯವಿಲ್ಲ, ಈ ದಿನ ನನಗೆ ಬೇಕು’ ಎಂದು ಸತ್ಯವನ್ನೇ ಹೇಳಿ.

ಕೊನೆಗೆ ಅತ್ತೆಯಂದಿರಲ್ಲಿ ನನ್ನ ವಿನಂತಿ. ಈ ಕಷ್ಟ ನಿಮಗೆ ಹೊಸದಲ್ಲ. ಮದುವೆಯಾದ ಹೊಸತರಲ್ಲಿ ನೀವೂ ಯಾರದೋ ಚಪ್ಪರದಲ್ಲಿ, ಸೆರಗು ಸರಿಮಾಡಿಕೊಳ್ಳುತ್ತ, ಪರಿಚಯದ ಒಂದು ಮುಖಕ್ಕಾಗಿ ಹುಡುಕಿದವರು. ‘ನಾವೆಲ್ಲ ಹೋಗಲಿಲ್ವಾ?’ ಎಂದು ಅದನ್ನೇ ಸೊಸೆಗೆ ದಾಟಿಸಬೇಡಿ. ಅವಳು ಬಂದರೆ ಕೈಹಿಡಿದು ಕರೆದುಕೊಂಡು ಹೋಗಿ ನಿಮ್ಮ ಬಳಗದ ಹೆಂಗಸರ ನಡುವೆ ಕೂರಿಸಿಕೊಳ್ಳಿ. ಬಾರದಿದ್ದರೆ, ಕೇಳಿದವರಿಗೆ ಅವಳ ಪರವಾಗಿ ನೀವೇ ಉತ್ತರ ಕೊಡಿ.